ಪ್ರೋನೋಟಿಗೆ ಸಹಿ ಹಾಕಿದವನಿಗೂ ಮಾತಾಡಲು ಬಾಯಿ ಉಂಟು

ಕಾಸರಕೋಡ: ಟೊಂಕದ ಬಂದರಿನಲ್ಲಿ ಮೀನು ಇಳಿದಂತೆ ಸಾಲವೂ ಏರುತ್ತದೆ, ಇಳಿಯುತ್ತದೆ. ಮಂಜುಗಡ್ಡೆಗೆ, ಡೀಸೆಲ್ಲಿಗೆ, ಬಲೆಗೆ, ಅಂಗಡಿಯ ಸರಕಿಗೆ ಕೈಗಡ ಬೇಕೇ ಬೇಕು. ಅದಕ್ಕೊಂದು ಪ್ರೋನೋಟು, ಅಡಿಯಲ್ಲಿ ಸಹಿ. ಹಣ ತೀರಿಸಿದಾಗ, "ಕಾಗದ ನಾಳೆ ಕೊಡ್ತೆ ಮಾರಾಯಾ" ಅಂದರೆ ತಲೆಯಾಡಿಸಿ ಬರುವವರುಂಟು. ಆ ನಾಳೆ ಬರುವುದಿಲ್ಲ. ಬರುವುದು ಕೋರ್ಟಿನ ಸಮನ್ಸು!

ಈ ಸಮನ್ಸು 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 37ನೆಯ ಆದೇಶದ್ದಾದರೆ ಜಾಗ್ರತೆ. ಪ್ರೋನೋಟು, ಹುಂಡಿ, ಬರಹದ ಕರಾರು ಇವುಗಳ ಹಣ ಬೇಗ ವಸೂಲಾಗಲೆಂದು ಇರುವ 'ಸಂಕ್ಷಿಪ್ತ ದಾವೆ' ಇದು. ಮೊದಲು ಮುಖ್ಯವಾಗಿ ಮುಂಬಯಿ, ಮದ್ರಾಸ್, ಕಲ್ಕತ್ತದಂಥ ಶಹರಗಳಲ್ಲಿದ್ದ ಈ ಪದ್ಧತಿ 1977ರ ಫೆಬ್ರವರಿ 1ರಿಂದ ಇತರ ಸಿವಿಲ್ ಕೋರ್ಟುಗಳಿಗೂ ಬಂತು.

ಸಾಮಾನ್ಯ ದಾವೆಯಲ್ಲಿ ಪ್ರತಿವಾದಿ ನೇರ ಕೈಫಿಯತ್ತು ಕೊಟ್ಟು ವಾದಿಸಬಹುದು. ಇಲ್ಲಿ ವಾದಿಸುವುದಕ್ಕೇ ಕೋರ್ಟಿನ ಅಪ್ಪಣೆ ಬೇಕು.

ಎರಡು ಗಡುವು

ಸಮನ್ಸು ಮುಟ್ಟಿದ 10 ದಿನದೊಳಗೆ ಹಾಜರಿ ಹಾಕಬೇಕು. ಹಾಕದಿದ್ದರೆ ವಾದಿ ಹೇಳಿದ್ದೆಲ್ಲ ಒಪ್ಪಿದ ಲೆಕ್ಕ, ಡಿಕ್ರಿ ಆಗುತ್ತದೆ. ಹಾಜರಾದರೆ ವಾದಿ 'ತೀರ್ಪಿನ ಸಮನ್ಸು' ಕಳಿಸುತ್ತಾನೆ. ಅದು ಮುಟ್ಟಿದ 10 ದಿನದೊಳಗೆ, ತನ್ನ ಪಾಲಿನ ಸಂಗತಿಯನ್ನೆಲ್ಲ ಅಫಿಡವಿಟ್ಟಿನಲ್ಲಿ ಬರೆದು ಅಪ್ಪಣೆ ಕೇಳಬೇಕು. ಒಮ್ಮೆ ಹಾಜರಿ ಹಾಕಿ, ಎಲ್ಲ ಮುಗೀತು ಎಂದು ಮನೆಯಲ್ಲಿ ಕುಳಿತವನು ಕೆಟ್ಟ.

ಈ ಹಂತದಲ್ಲಿ ಜಡ್ಜರು ನೋಡುವುದು ಯಾರು ಗೆಲ್ಲುತ್ತಾರೆಂದಲ್ಲ. ವಿಚಾರಣೆಗೆ ತಕ್ಕ ತಕರಾರು ಉಂಟೋ ಇಲ್ಲವೋ ಎಂದು. ತಕರಾರು ಗಟ್ಟಿ ಇದ್ದರೆ ಷರತ್ತಿಲ್ಲದ ಅಪ್ಪಣೆ. ಪ್ರಾಮಾಣಿಕತೆಯ ಬಗ್ಗೆ ಸಂಶಯ ಬಂದರೆ ಹಣ ಅಥವಾ ಜಾಮೀನು ಇಡು ಎಂಬ ಷರತ್ತು. ಬರೇ ಕಾಲಹರಣದ ನೆಪವಾದರೆ ಅಪ್ಪಣೆಯೇ ಇಲ್ಲ. 2016ರಲ್ಲಿ ಸುಪ್ರೀಂ ಕೋರ್ಟು ಹಬ್‌ಟೌನ್ ಕಂಪನಿಯ ಪ್ರಕರಣದಲ್ಲಿ ಈ ಮೆಟ್ಟಿಲುಗಳನ್ನು ಬಿಡಿಸಿ ಹೇಳಿತು. ಅಪ್ಪಣೆ ಕೊಡುವುದೇ ರೂಢಿ, ನಿರಾಕರಿಸುವುದು ಅಪವಾದ ಎಂದು 2022ರಲ್ಲಿ ಮತ್ತೆ ಸ್ಪಷ್ಟಪಡಿಸಿತು.

ಒಂದು ಲೆಕ್ಕ ನೋಡಿ. ಅಂಗಡಿಕಾರನೊಬ್ಬ 50 ಸಾವಿರ ಪಡೆದು 30 ಸಾವಿರ ತೀರಿಸಿದ್ದಾನೆ. ದಾವೆ ಬಂದದ್ದು ಪೂರಾ 50ಕ್ಕೆ. ಬಾಕಿ 20 ಸಾವಿರ ಹೌದೆಂದು ಅವನೇ ಒಪ್ಪಿದರೆ, ಅಷ್ಟನ್ನು ಕೋರ್ಟಿನಲ್ಲಿ ಕಟ್ಟಿಯೇ ಉಳಿದದ್ದಕ್ಕೆ ವಾದಿಸಬೇಕು. "ಕೊಟ್ಟಿದ್ದೆ ಸ್ವಾಮೀ" ಎಂಬ ಬಾಯಿಮಾತು ಸಾಲದು. ಯಾವ ದಿನ, ಯಾರ ಕೈಗೆ, ಎಷ್ಟು? ರಸೀದಿ, ಪಾಸ್‌ಬುಕ್ಕು, ಮೊಬೈಲಿನಲ್ಲಿ ಕಳಿಸಿದ ಹಣದ ದಾಖಲೆ, ಇವೇ ಅಫಿಡವಿಟ್ಟಿಗೆ ಬೆನ್ನೆಲುಬು.

ಸಾಲ ಕೊಟ್ಟವನ ಕಷ್ಟವೂ ಸುಳ್ಳಲ್ಲ. ಸರಕು ಉದ್ರಿ ಕೊಟ್ಟು ವರ್ಷಗಟ್ಟಲೆ ಬಾಗಿಲು ಬಡಿದವನಿಗಾಗಿಯೇ ಈ ಕಾಯಿದೆ. ಆದರೆ ತೀರಿದ ಸಾಲದ ಕಾಗದ ಇಟ್ಟುಕೊಂಡವನ ಕೈಗೆ ಅದು ಕತ್ತಿಯಾಗಬಾರದಲ್ಲ!

ಹೊನ್ನಾವರದ ಬಸ್ಸು ತಪ್ಪಿದರೆ ಇನ್ನೊಂದು ಬಂದೀತು. ಈ ಗಡುವು ತಪ್ಪಿದರೆ, ತಡಕ್ಕೆ ತಕ್ಕ ಕಾರಣ ತೋರಿಸಿ ಕೋರ್ಟಿನ ಮುಂದೆ ಕೈಮುಗಿಯಬೇಕು. ಸಮನ್ಸು ಬಂದ ದಿನವೇ ವಕೀಲರ ಮನೆ ಹುಡುಕುವುದು ಲೇಸು. ಅದಕ್ಕಿಂತ ಲೇಸು, ಕೊನೆಯ ಕಂತು ಎಣಿಸುವಾಗ ಒಂದು ಕೈಯಲ್ಲಿ ಹಣ ಕೊಟ್ಟು, ಇನ್ನೊಂದು ಕೈಯಲ್ಲಿ ಕಾಗದ ತಗೊಳ್ಳುವುದು.