ಎರಡು ಸ್ಯಾಕ್ಸೊಫೋನುಗಳ ನೆಂಟಸ್ತಿಕೆ

ಕಾರ್ಕಳದ ಕಡೆ ಮದುವೆಯ ದಿಬ್ಬಣ ಇಳಿಯುವಾಗ, ಕಾಪುವಿನ ಆಸುಪಾಸಿನ ನೇಮದಲ್ಲಿ ಭೂತ ಗಗ್ಗರ ಕಟ್ಟಿ ಹೆಜ್ಜೆ ಹಾಕುವಾಗ, ಉಡುಪಿಯ ಸುತ್ತಿನ ದೇವಸ್ಥಾನಗಳಲ್ಲಿ ಉತ್ಸವ ಬಲಿ ಹೊರಡುವಾಗ ಸ್ಯಾಕ್ಸೊಫೋನ್ ಕೇಳಿಸಿದರೆ ನಮ್ಮಲ್ಲಿ ಯಾರೂ ತಿರುಗಿ ನೋಡುವುದಿಲ್ಲ. ಹೊರಗಿನಿಂದ ಬಂದವರಿಗೆ ಮಾತ್ರ ಬೆರಗು. ಅಡಾಲ್ಫ್ ಸ್ಯಾಕ್ಸ್ ಎಂಬ ಬೆಲ್ಜಿಯಮ್ಮಿನ ಕುಶಲಿ 1846ರಲ್ಲಿ ಪ್ಯಾರಿಸ್ಸಿನಲ್ಲಿ ಪೇಟೆಂಟ್ ಪಡೆದ ವಾದ್ಯ ಅದು. ಮಿಲಿಟರಿ ಬ್ಯಾಂಡುಗಳ ಮೂಲಕ ಬೆಳೆದು, ಅಮೆರಿಕದಲ್ಲಿ ಜಾಝ್ ಸಂಗೀತದ ಕೊರಳಾಗಿ, ಕೊನೆಗೆ ತುಳುನಾಡಿನ ದೈವದ ಅಂಗಳಕ್ಕೂ ಬಂದಿತು.

ಇದಕ್ಕೆ ಮುಖ್ಯ ಕಾರಣ ಕದ್ರಿ ಗೋಪಾಲನಾಥರೆಂದು ಎಲ್ಲರಿಗೂ ಗೊತ್ತು. ಅವರ ಪದ್ಮಶ್ರೀ, ಲಂಡನ್ನಿನ ಕಛೇರಿ, ‘ಡ್ಯುಯೆಟ್’ ಚಿತ್ರದ ವಾದನ ನಮ್ಮ ಬಾಯಲ್ಲಿವೆ. ಆದರೆ 2008ರಲ್ಲಿ ಅಮೆರಿಕದಲ್ಲಿ ಹೊರಬಂದ ‘ಕಿನ್ಸ್‌ಮೆನ್’ ಎಂಬ ಧ್ವನಿಮುದ್ರಿಕೆಯ ಹೆಸರು ಇಲ್ಲಿ ಅಷ್ಟಾಗಿ ಕೇಳಿಬರುವುದಿಲ್ಲ. ಹೆಸರಿನ ಅರ್ಥ ‘ಬಂಧುಗಳು’ ಎಂದು. ಗೋಪಾಲನಾಥರ ಜತೆಗೆ ಅದರಲ್ಲಿ ಇನ್ನೊಬ್ಬ ಸ್ಯಾಕ್ಸೊಫೋನ್ ವಾದಕ ಇದ್ದಾರೆ: ರುದ್ರೇಶ್ ಮಹಾಂತಪ್ಪ. ದಾವಣಗೆರೆಯ ಅಥವಾ ಗದಗಿನ ಯಾವುದಾದರೂ ಶಾಲೆಯ ಹಾಜರಿ ಪುಸ್ತಕದಲ್ಲಿ ಸಿಗಬಹುದಾದ ಹೆಸರು. ಆದರೆ ಅವರು ಹುಟ್ಟಿದ್ದು 1971ರಲ್ಲಿ ಇಟಲಿಯ ಟ್ರಿಯೆಸ್ಟ್‌ನಲ್ಲಿ, ಬೆಳೆದದ್ದು ಅಮೆರಿಕದ ಕೊಲರಾಡೊ ರಾಜ್ಯದ ಬೋಲ್ಡರ್‌ನಲ್ಲಿ. ತಂದೆ ಅಲ್ಲಿನ ವಿಶ್ವವಿದ್ಯಾಲಯದಲ್ಲಿ ಭೌತಶಾಸ್ತ್ರದ ಪ್ರಾಧ್ಯಾಪಕರಾಗಿದ್ದರು.

ಹುಡುಗ ಕಲಿತದ್ದು ಜಾಝ್. ಚಾರ್ಲಿ ಪಾರ್ಕರ್ ಅವನ ದೇವರು. ಆದರೆ ಚರ್ಮದ ಬಣ್ಣ, ಹೆಸರು ಇವೆರಡನ್ನು ಕಂಡವರು ಇವನಿಗೆ ಭಾರತೀಯ ಸಂಗೀತ ಬಂದೇ ಬರುತ್ತದೆಂದು ತಿಳಿದುಕೊಳ್ಳುತ್ತಿದ್ದರು. ಅವನಿಗೆ ಬರುತ್ತಿರಲಿಲ್ಲ. ಪರದೇಶದಲ್ಲಿ ಬೆಳೆದ ನಮ್ಮ ಎಷ್ಟೋ ಮಕ್ಕಳಿಗೆ ಈ ಇಕ್ಕಟ್ಟು ಪರಿಚಿತ. ಬಾಸ್ಟನ್ನಿನ ಬರ್ಕ್ಲೀ ಸಂಗೀತ ಕಾಲೇಜಿನಲ್ಲಿ ಓದುತ್ತಿದ್ದಾಗ ಅಣ್ಣ ತಮಾಷೆಗೆಂದು ಒಂದು ಧ್ವನಿಮುದ್ರಿಕೆ ತಂದುಕೊಟ್ಟ. ಅದರ ಹೆಸರು ‘ಸ್ಯಾಕ್ಸೊಫೋನ್ ಇಂಡಿಯನ್ ಸ್ಟೈಲ್’, ವಾದಕರು ಕದ್ರಿ ಗೋಪಾಲನಾಥ್. ಗೇಲಿಗೆ ಕೊಟ್ಟದ್ದು ಗೇಲಿಯಾಗಿ ಉಳಿಯಲಿಲ್ಲ. ತನ್ನದೇ ವಾದ್ಯ, ಅದೂ ತನ್ನ ಹಾಗೆಯೇ ಆಲ್ಟೊ. ಆದರೆ ಅದರಿಂದ ಹೊರಡುತ್ತಿದ್ದ ನಾದ ತಾನು ಕಲಿತ ಪಾಠಗಳಲ್ಲಿ ಎಲ್ಲಿಯೂ ಇರಲಿಲ್ಲ.

ಅಂಥದೇನಿತ್ತು ಅದರಲ್ಲಿ? ಇಲ್ಲಿ ವಾದ್ಯದ ವಿಷಯ ಸ್ವಲ್ಪ ಹೇಳಬೇಕು. ಬಂಟ್ವಾಳ ತಾಲೂಕಿನ ಸಜೀಪಮೂಡದ ಗೋಪಾಲನಾಥರು ನಾಗಸ್ವರದ ಮನೆಯವರು. ತಂದೆ ತನಿಯಪ್ಪನವರು ನಾಗಸ್ವರ ವಾದಕರು. ಹುಡುಗನ ಕಣ್ಣಿಗೆ ಸ್ಯಾಕ್ಸೊಫೋನ್ ಬಿದ್ದದ್ದು ಮೈಸೂರು ಅರಮನೆಯ ಬ್ಯಾಂಡಿನಲ್ಲಿ. ನಾಗಸ್ವರಕ್ಕೂ ಸ್ಯಾಕ್ಸೊಫೋನಿಗೂ ಒಂದು ಹುಟ್ಟು ಸಂಬಂಧವಿದೆ: ಎರಡರ ಕೊಳವೆಯೂ ಬಾಯಿಯ ಬಳಿ ಕಿರಿದಾಗಿ ಕೆಳಗೆ ಹೋದಂತೆ ಅಗಲವಾಗುತ್ತದೆ, ಎರಡಕ್ಕೂ ಬಯಲಲ್ಲಿ ನಿಲ್ಲುವ ಗಂಟಲಿದೆ. ಕಷ್ಟವೆಲ್ಲ ಬೆರಳಿನದು. ನಾಗಸ್ವರದ ರಂಧ್ರವನ್ನು ಬೆರಳು ನೇರವಾಗಿ ಮುಚ್ಚುತ್ತದೆ. ಅರೆ ತೆರೆದು, ಕಾಲು ತೆರೆದು, ಒಂದು ಸ್ವರದಿಂದ ಇನ್ನೊಂದಕ್ಕೆ ಜಾರಬಹುದು. ಸ್ಯಾಕ್ಸೊಫೋನಿನಲ್ಲಿ ಬೆರಳಿಗೂ ರಂಧ್ರಕ್ಕೂ ನಡುವೆ ಕೀಲಿಗಳ ಯಂತ್ರವಿದೆ. ಅದು ರಂಧ್ರವನ್ನು ಪೂರ್ತಿ ತೆರೆಯಲು ಅಥವಾ ಪೂರ್ತಿ ಮುಚ್ಚಲು ಮಾಡಿದ್ದು. ಮೆಟ್ಟಿಲು ಹತ್ತಬಹುದು, ಜಾರುವ ಹಾಗಿಲ್ಲ. ಗಮಕವಿಲ್ಲದ ತೋಡಿಯನ್ನು ಊಹಿಸಿಕೊಳ್ಳಿ!

ಗೋಪಾಲನಾಥರು ವಾದ್ಯದ ಕೀಲಿಗಳನ್ನು ಮಾರ್ಪಡಿಸಿಕೊಂಡು, ತುಟಿಯ ಬಿಗಿ, ಉಸಿರು ಮತ್ತು ಅರೆ ಒತ್ತುಗಳಿಂದ ಆ ಜಾರಿಕೆಯನ್ನು ಸಾಧಿಸಿದರು. ಮಂಗಳೂರಿನಲ್ಲಿ ಎನ್. ಗೋಪಾಲಕೃಷ್ಣ ಅಯ್ಯರ್, ಮುಂದೆ ಮದರಾಸಿನಲ್ಲಿ ಟಿ.ವಿ. ಗೋಪಾಲಕೃಷ್ಣನ್ ಅವರ ಗುರುಗಳು. 1980ರಲ್ಲಿ ಮುಂಬಯಿಯ ಜಾಝ್ ಉತ್ಸವದಲ್ಲಿ ಅಮೆರಿಕದ ಜಾನ್ ಹ್ಯಾಂಡಿ ಇವರ ವಾದನ ಕೇಳಿ ತಾವಾಗಿಯೇ ಜತೆಗೂಡಿದರು. 1994ರಲ್ಲಿ ಲಂಡನ್ನಿನ ರಾಯಲ್ ಆಲ್ಬರ್ಟ್ ಹಾಲ್‌ನ ಬಿಬಿಸಿ ಪ್ರಾಮ್ಸ್‌ನಲ್ಲಿ ನುಡಿಸಿದರು. ನಡುವೆ ಆಡಿಕೊಂಡವರೂ ಇದ್ದರು. ಬ್ಯಾಂಡಿನವರ ವಾದ್ಯದಲ್ಲಿ ತ್ಯಾಗರಾಜರ ಕೃತಿಯೇ ಎಂಬ ಮೂಗುಮುರಿತ ಸಂಗೀತಲೋಕಕ್ಕೆ ಹೊಸದಲ್ಲ. ಪಿಟೀಲು ಬಂದಾಗಲೂ ಅದೇ ಮಾತು ಹುಟ್ಟಿರಬೇಕು.

ರುದ್ರೇಶ್ ಮತ್ತು ಗೋಪಾಲನಾಥ್ ಒಟ್ಟಿಗೆ ಕೆಲಸಕ್ಕೆ ಕುಳಿತದ್ದು 2005ರ ಹೊತ್ತಿಗೆ, ನ್ಯೂಯಾರ್ಕಿನ ಏಷ್ಯಾ ಸೊಸೈಟಿಯ ಆಶ್ರಯದಲ್ಲಿ. ತಂಡಕ್ಕೆ ‘ದಕ್ಷಿಣ ಎನ್ಸೆಂಬಲ್’ ಎಂದು ಹೆಸರಾಯಿತು. ಒಂದು ಕಡೆ ಗೋಪಾಲನಾಥರಿಗೆ ಎಷ್ಟೋ ವರ್ಷ ಪಿಟೀಲು ನುಡಿಸಿದ ಎ. ಕನ್ಯಾಕುಮಾರಿ ಮತ್ತು ಮೃದಂಗದ ಪೂವಲೂರ್ ಶ್ರೀಜಿ. ಇನ್ನೊಂದು ಕಡೆ ಕರಾಚಿಯಲ್ಲಿ ಹುಟ್ಟಿ ಅಮೆರಿಕದಲ್ಲಿ ಬೆಳೆದ ಗಿಟಾರ್ ವಾದಕ ರೆಜ್ ಅಬ್ಬಾಸಿ, ಬಾಸ್‌ನ ಕಾರ್ಲೊ ಡಿ ರೋಸಾ, ಡ್ರಮ್ಸ್‌ನ ರಾಯಲ್ ಹಾರ್ಟಿಗನ್. ಒಟ್ಟು ಏಳು ಮಂದಿ.

ಇಂಥ ಕೂಟಗಳು ಹೊಸವೇನಲ್ಲ. ‘ಶಕ್ತಿ’ ತಂಡ ಎಪ್ಪತ್ತರ ದಶಕದಲ್ಲೇ ಹೆಸರು ಮಾಡಿತ್ತು. ನಮ್ಮ ಬೆಂಗಳೂರಿನಲ್ಲೇ ಇನ್ನೊಂದು ಸ್ವಾರಸ್ಯದ ಉದಾಹರಣೆಯಿದೆ. ಅಮೆರಿಕದ ಸ್ಯಾಕ್ಸೊಫೋನ್ ವಾದಕ ಚಾರ್ಲಿ ಮಾರಿಯಾನೊ ನಾಗಸ್ವರವನ್ನೇ ಕಲಿತರು, ಟಿ.ಎ.ಎಸ್. ಮಣಿ ಮತ್ತು ಆರ್.ಎ. ರಮಾಮಣಿ ಅವರ ಕರ್ನಾಟಕ ತಾಳವಾದ್ಯ ಕಾಲೇಜಿನ ತಂಡದೊಡನೆ 1983ರಲ್ಲಿ ‘ಜ್ಯೋತಿ’ ಎಂಬ ಧ್ವನಿಮುದ್ರಿಕೆ ತಂದರು. ನಮ್ಮವರು ನಾಗಸ್ವರ ಬಿಟ್ಟು ಸ್ಯಾಕ್ಸೊಫೋನ್ ಹಿಡಿದರೆ ಅವರು ಸ್ಯಾಕ್ಸೊಫೋನ್ ಬದಿಗಿಟ್ಟು ನಾಗಸ್ವರ ಹಿಡಿದಿದ್ದರು. ‘ಜ್ಯೋತಿ’ ಸೊಗಸಾಗಿದೆ. ಆದರೆ ಅಲ್ಲಿ ಮಾರಿಯಾನೊ ನಮ್ಮ ಮನೆಗೆ ಬಂದ ಅತಿಥಿ. ಚಪ್ಪಲಿ ಕಳಚಿಟ್ಟು ಒಳಗೆ ಬರುತ್ತಾರೆ.

‘ಕಿನ್ಸ್‌ಮೆನ್’ನಲ್ಲಿ ಅತಿಥಿ ಯಾರು, ಮನೆಯವರು ಯಾರು ಎಂದು ಹೇಳುವುದು ಕಷ್ಟ. ಅದೇ ಅದರ ಹೆಚ್ಚುಗಾರಿಕೆ, ಅದೇ ಅದನ್ನು ಕಟ್ಟುವಾಗಿನ ತೊಡಕು ಕೂಡ. ಕರ್ನಾಟಕ ಸಂಗೀತದಲ್ಲಿ ಷಡ್ಜ ನೆಲದಂತೆ ಸ್ಥಿರ. ತಂಬೂರಿ ಹೇಳಿದ ಮೇಲೆ ಮುಗಿಯಿತು. ಗಾಂಧಾರಕ್ಕೆ ಅರ್ಥ ಬರುವುದು ಆ ನೆಲದಿಂದ ಎಷ್ಟು ಎತ್ತರದಲ್ಲಿದೆ ಎಂಬುದರಿಂದ. ಜಾಝ್‌ನಲ್ಲಿ ನೆಲವೇ ಕದಲುತ್ತದೆ. ಕೆಳಗೆ ಸ್ವರಗುಚ್ಛ ಬದಲಾದರೆ ಮೇಲಿನ ಅದೇ ಸ್ವರ ಬೇರೆ ಮುಖ ತೋರಿಸುತ್ತದೆ. ನೆಲವನ್ನು ಹೆಚ್ಚು ಕದಲಿಸಿದರೆ ರಾಗ ಸಾಯುತ್ತದೆ. ಕದಲಿಸದಿದ್ದರೆ ಜಾಝ್‌ನವನ ಕೈಕಾಲು ಕಟ್ಟಿದಂತೆ. ಈ ಧ್ವನಿಮುದ್ರಿಕೆಯಲ್ಲಿ ನನ್ನ ಕಿವಿಗೆ ಕೇಳುವ ಉಪಾಯ ಇಷ್ಟು: ಗಿಟಾರ್ ಮತ್ತು ಬಾಸ್ ತುಂಬ ಮಾತಾಡದೆ ಜಾಗ ಬಿಡುತ್ತವೆ, ಚಲನೆಯ ಭಾರವನ್ನು ಲಯ ಹೊರುತ್ತದೆ. ಮೃದಂಗ ಮತ್ತು ಡ್ರಮ್ಸ್ ಒಂದನ್ನೊಂದು ಅಣಕಿಸದೆ ಲೆಕ್ಕ ಹಂಚಿಕೊಳ್ಳುತ್ತವೆ. ‘ಗಣೇಶ’, ‘ಕಲ್ಯಾಣಿ’, ‘ಸ್ನೇಕ್’, ‘ಕನ್ವರ್ಜೆನ್ಸ್’ ಮೊದಲಾದ ದೊಡ್ಡ ರಚನೆಗಳ ನಡುವೆ ‘ರೆಜ್-ಆಲಾಪ್’, ‘ಕನ್ಯಾ-ಆಲಾಪ್’ ಎಂದು ವಾದಕರ ಹೆಸರಿನ ಕಿರು ಆಲಾಪಗಳಿವೆ. ಗಿಟಾರಿನವನಿಗೂ ಆಲಾಪದ ಹಕ್ಕು ಕೊಟ್ಟದ್ದು ಸಣ್ಣ ಸಂಗತಿಯಲ್ಲ.

ಎಲ್ಲವೂ ಕೂಡಿಬಂದಿದೆ ಎನ್ನಲಾರೆ. ಕೆಲವೆಡೆ ವೇಗ ಹೆಚ್ಚಾಗಿ, ಗೋಪಾಲನಾಥರ ವಿಳಂಬದ ಸಾವಧಾನಕ್ಕೆ ಎಡೆಯೇ ಸಿಗುವುದಿಲ್ಲ. ಆದರೆ ಎರಡು ಸ್ಯಾಕ್ಸೊಫೋನುಗಳು ಒಂದೇ ಸಾಲನ್ನು ಒಟ್ಟಿಗೆ ಹಿಡಿದಾಗ, ಒಂದು ಸ್ವರಕ್ಕೆ ಜಾರಿಕೊಂಡು ಬರುತ್ತದೆ, ಇನ್ನೊಂದು ನೇರ ಹೋಗಿ ನಿಲ್ಲುತ್ತದೆ. ನಡುವಿನ ಆ ಕೂದಲೆಳೆಯಷ್ಟು ಅಂತರದಲ್ಲಿ ನಾದ ದಪ್ಪವಾಗಿ ಮಿನುಗುತ್ತದೆ. ಒಬ್ಬನೇ ವಾದಕ ಎಷ್ಟು ದೊಡ್ಡವನಾದರೂ ಅದನ್ನು ಮಾಡಲಾರ.

ಅಮೆರಿಕದ ವಿಮರ್ಶಕರು ಧಾರಾಳವಾಗಿ ಮೆಚ್ಚಿದರು. ಜಾಝ್ ಬರಹಗಾರರಲ್ಲಿ ಹಿರಿಯರಾದ ಗ್ಯಾರಿ ಗಿಡ್ಡಿನ್ಸ್ 2009ರಲ್ಲಿ ‘ನ್ಯೂಯಾರ್ಕರ್’ ಪತ್ರಿಕೆಯಲ್ಲಿ ರುದ್ರೇಶರ ಬಗ್ಗೆ ವಿಸ್ತಾರವಾಗಿ ಬರೆದರು. ರುದ್ರೇಶ್ ಮುಂದೆ ಪ್ರಿನ್ಸ್‌ಟನ್ ವಿಶ್ವವಿದ್ಯಾಲಯದಲ್ಲಿ ಜಾಝ್ ವಿಭಾಗದ ನಿರ್ದೇಶಕರಾದರು. ಇಲ್ಲಿ ಮಾತ್ರ ಸದ್ದಿಲ್ಲ. ಮಣಿಪಾಲದ ಕಾಲೇಜು ಹಬ್ಬಗಳಲ್ಲಿ ಗಿಟಾರ್ ಹಿಡಿಯುವ ಹುಡುಗರಿಗೆ ಅದು ಶಾಸ್ತ್ರೀಯ, ನಮ್ಮ ಸಭಾಗಳ ರಸಿಕರಿಗೆ ಅದು ಪಾಶ್ಚಾತ್ಯ. 2019ರ ಅಕ್ಟೋಬರ್ 11ರಂದು ಗೋಪಾಲನಾಥರು ಮಂಗಳೂರಿನಲ್ಲಿ ತೀರಿಕೊಂಡಾಗ ನಾನು ಓದಿದ ಶ್ರದ್ಧಾಂಜಲಿಗಳಲ್ಲಿ ‘ಡ್ಯುಯೆಟ್’ ಇತ್ತು, ಇದು ಇರಲಿಲ್ಲ.

ಕಾರ್ಕಳದ ಒಂದು ಮದುವೆಯಲ್ಲಿ, ಮುಹೂರ್ತಕ್ಕೆ ಇನ್ನೂ ಹೊತ್ತಿದೆ ಎನ್ನುವಾಗ, ವಾದ್ಯದ ತಂಡದ ಸ್ಯಾಕ್ಸೊಫೋನಿನವರಿಗೆ ಮೊಬೈಲಿನಲ್ಲಿ ಇದನ್ನು ಕೇಳಿಸಿದೆ. ಕದ್ರಿಯವರು ಯಾವುದೆಂದು ಎರಡನೆಯ ಸ್ವರಕ್ಕೇ ಬೆರಳು ಎತ್ತಿ ತೋರಿಸಿದರು. ಇನ್ನೊಂದನ್ನು ಹುಬ್ಬು ಗಂಟಿಕ್ಕಿಕೊಂಡು ಆಲಿಸಿದರು. ಇಬ್ಬರೂ ಜತೆಯಾಗಿ ನುಡಿಸುವ ಒಂದು ಸಾಲು ಬಂದಾಗ ಮತ್ತೊಮ್ಮೆ ಹಾಕಿ ಎಂದರು. ಹಾಕಿದೆ. ಊದದೆಯೇ, ತೊಡೆಯ ಮೇಲಿದ್ದ ವಾದ್ಯದ ಕೀಲಿಗಳ ಮೇಲೆ ಬೆರಳಾಡಿಸಿ ಆ ಸಾಲನ್ನು ಹುಡುಕತೊಡಗಿದರು. ಮುಕ್ಕಾಲು ಪಾಲು ಸಿಕ್ಕಿತ್ತೇನೋ. ಅಷ್ಟರಲ್ಲಿ ಒಳಗಿನಿಂದ ಪುರೋಹಿತರು ಗಟ್ಟಿಮೇಳ ಎಂದು ಕೂಗಿದರು.