ಬೀಳುವುದನ್ನು ಕಲಿತು ಗೆದ್ದ ಮಲಪ್ರಭಾ

ಖಾನಾಪುರ ತಾಲೂಕಿನ ಕಣಕುಂಬಿಯಲ್ಲಿ ಹುಟ್ಟಿ ಉತ್ತರ ಕರ್ನಾಟಕದ ಹೊಲಗಳಿಗೆ ನೀರುಣಿಸುವ ಮಲಪ್ರಭೆಯ ಹೆಸರು ಕನ್ನಡಿಗರಿಗೆ ಚಿರಪರಿಚಿತ. ಅದೇ ಹೆಸರು 2018ರ ಆಗಸ್ಟ್ 28ರಂದು ಇಂಡೋನೇಷಿಯಾದ ಜಕಾರ್ತಾದಲ್ಲಿ ಏಷ್ಯನ್ ಕ್ರೀಡಾಕೂಟದ ಪದಕ ವಿಜೇತರ ಪಟ್ಟಿಯನ್ನು ಸೇರಿತು. ಬೆಳಗಾವಿಗೆ ಸಮೀಪದ ತುರಮುರಿ ಗ್ರಾಮದ ಮಲಪ್ರಭಾ ಜಾಧವ ಅವರು ಕುರಾಶ್ ಎಂಬ ಕುಸ್ತಿಯ 52 ಕಿಲೋ ವಿಭಾಗದಲ್ಲಿ ಕಂಚಿನ ಪದಕ ಗಳಿಸಿದರು. ಗಡಿನಾಡಿನ ರೈತ ಮನೆತನದ ಹೆಣ್ಣುಮಗಳೊಬ್ಬಳು ಮುಟ್ಟಿದ ಈ ಎತ್ತರ ಸಾಮಾನ್ಯವಾದುದಲ್ಲ.

ಮಲಪ್ರಭಾ ಮೊದಲು ಕಲಿತದ್ದು ಕುರಾಶ್ ಅಲ್ಲ, ಜೂಡೋ. ಜಪಾನಿನ ಜಿಗೋರೊ ಕಾನೊ ಎಂಬ ಶಿಕ್ಷಣತಜ್ಞರು 1882ರಲ್ಲಿ ರೂಪಿಸಿದ ಈ ವಿದ್ಯೆಯ ಅಭ್ಯಾಸ ಬೆಳಗಾವಿಯಲ್ಲಿಯೂ ನಡೆಯುತ್ತದೆ. ಎದುರಾಳಿಯ ಬಲವನ್ನೇ ಬಳಸಿಕೊಂಡು ಆತನನ್ನು ಕೆಡವುವುದು ಜೂಡೋದ ಮರ್ಮ. ಸೋಜಿಗವೆಂದರೆ, ಅಖಾಡಕ್ಕೆ ಬಂದ ಮಗುವಿಗೆ ಅಲ್ಲಿ ಮೊದಲು ಹೇಳಿಕೊಡುವುದು ಕೆಡವುವುದನ್ನಲ್ಲ, ಬೀಳುವುದನ್ನು. ಗದ್ದವನ್ನು ಎದೆಗೆ ಒತ್ತಿಕೊಳ್ಳಬೇಕು, ಬೆನ್ನನ್ನು ಬಾಗಿಸಬೇಕು, ಅಂಗೈಯಿಂದ ಮೊಳಕೈವರೆಗಿನ ಭಾಗದಿಂದ ನೆಲಹಾಸನ್ನು ಬಡಿದು ಪೆಟ್ಟನ್ನು ಹಂಚಿಬಿಡಬೇಕು. ಬೀಳುವ ಹೆದರಿಕೆ ಹೋದ ಮೇಲೆಯೇ ಮುಂದಿನ ಪಾಠ.

ಕುರಾಶ್ ಮಧ್ಯ ಏಷ್ಯಾದ, ಮುಖ್ಯವಾಗಿ ಉಜ್ಬೇಕಿಸ್ತಾನದ, ಪುರಾತನ ಕುಸ್ತಿ. ಅದರ ಅಂತರರಾಷ್ಟ್ರೀಯ ಸಂಸ್ಥೆ 1998ರಲ್ಲಿ ತಾಷ್ಕೆಂಟಿನಲ್ಲಿ ಸ್ಥಾಪನೆಯಾಯಿತು. ಒಬ್ಬರು ಹಸಿರು, ಇನ್ನೊಬ್ಬರು ನೀಲಿ ಅಂಗಿ ತೊಟ್ಟು ಸೆಣಸುತ್ತಾರೆ. ಇಲ್ಲಿ ಕಾದಾಟವೆಲ್ಲ ನಿಂತೇ ನಡೆಯಬೇಕು. ಸೊಂಟಪಟ್ಟಿಯ ಕೆಳಗೆ ಕೈ ಹಾಕುವಂತಿಲ್ಲ. ನೆಲಕ್ಕೆ ಬಿದ್ದವರೊಡನೆ ಹೋರಾಡುವಂತಿಲ್ಲ. ಎದುರಾಳಿಯನ್ನು ಬೆನ್ನು ತಾಗುವಂತೆ ಸ್ವಚ್ಛವಾಗಿ ಎಸೆದರೆ ಅದೇ ಪೂರ್ಣ ಗೆಲುವು. ಜೂಡೋ ಬಲ್ಲವರಿಗೆ ಹಿಡಿತಗಳೂ ಎಸೆತಗಳೂ ಪರಿಚಿತವೇ ಆದರೂ, ಮಂಡಿಯೂರಿ ಪಾರಾಗುವ ಅಭ್ಯಾಸವನ್ನು ಬಿಡಬೇಕಾಗುತ್ತದೆ.

ಏಷ್ಯನ್ ಕ್ರೀಡಾಕೂಟದಲ್ಲಿ ಕುರಾಶ್‌ಗೆ ಪದಕದ ಸ್ಥಾನ ದೊರೆತದ್ದು 2018ರಲ್ಲಿಯೇ ಮೊದಲು. ಹೊಸದಾಗಿ ತೆರೆದ ಆ ಬಾಗಿಲನ್ನು ಭಾರತದ ಇಬ್ಬರು ಜೂಡೋಪಟುಗಳು ಒಂದೇ ದಿನ, ಒಂದೇ ತೂಕದಲ್ಲಿ ಪ್ರವೇಶಿಸಿದರು. ದೆಹಲಿಯ ಪಿಂಕಿ ಬಲ್ಹಾರಾ ಅಂತಿಮ ಸುತ್ತು ತಲುಪಿ ಬೆಳ್ಳಿ ಗೆದ್ದರು. ಉಪಾಂತ್ಯದಲ್ಲಿ ಮಲಪ್ರಭಾರನ್ನು ಸೋಲಿಸಿದವರೂ, ಅಂತಿಮದಲ್ಲಿ ಪಿಂಕಿಯವರನ್ನು ಸೋಲಿಸಿ ಚಿನ್ನ ಪಡೆದವರೂ ಉಜ್ಬೇಕಿಸ್ತಾನದ ಗುಲ್ನೋರ್ ಸುಲೈಮಾನೋವಾ ಒಬ್ಬರೇ. ಹುಟ್ಟಿದ ಮಣ್ಣಿನಲ್ಲೇ ಆ ಕುಸ್ತಿಯನ್ನು ಕಲಿತವರ ಎದುರು ಸೋತದ್ದು ಅಗೌರವವಲ್ಲ.

ಅದೇ ಕೂಟದ ಕರಾಟೆ ವಿಭಾಗದಲ್ಲಿ ಕಂಚು ಗೆದ್ದ ಮತ್ತೊಬ್ಬ ಮಹಿಳೆಯ ಕಥೆಯೂ ಸ್ಮರಣೀಯ. ಫಿಲಿಪ್ಪೀನ್ಸಿನ ಜುನ್ನಾ ತ್ಸುಕಿಯವರ ತಂದೆ ಜಪಾನಿನವರು, ಕರಾಟೆ ಶಿಕ್ಷಕರು, ತಾಯಿ ಫಿಲಿಪ್ಪೀನ್ಸಿನವರು. ಜಪಾನಿನಲ್ಲಿ ಬೆಳೆದ ಜುನ್ನಾ ತಾಯ್ನಾಡಿನ ಪರವಾಗಿ ಕಣಕ್ಕಿಳಿದರು. 50 ಕಿಲೋ ವಿಭಾಗದಲ್ಲಿ 2018ರಲ್ಲಿ ಜಕಾರ್ತಾದ ಕಂಚು, 2019ರಲ್ಲಿ ಆಗ್ನೇಯ ಏಷ್ಯಾ ಕ್ರೀಡಾಕೂಟದ ಚಿನ್ನ ಅವರಿಗೆ ಒಲಿದವು. ಆದರೆ 2021ರಲ್ಲಿ ಟೋಕಿಯೋ ಒಲಿಂಪಿಕ್ಸಿನ ಅರ್ಹತೆ ಕೈತಪ್ಪಿತು. 2024ರ ಪ್ಯಾರಿಸ್ ಕೂಟದಲ್ಲಿ ಕರಾಟೆಗೆ ಸ್ಥಾನವೇ ಇರಲಿಲ್ಲ. ಅವರು ಮಾತ್ರ ಕುಗ್ಗದೆ 2022ರಲ್ಲಿ ಅಮೆರಿಕದ ಬರ್ಮಿಂಗ್‌ಹ್ಯಾಮ್‌ನಲ್ಲಿ ನಡೆದ ವಿಶ್ವ ಕ್ರೀಡೆಗಳಲ್ಲಿ ಚಿನ್ನ ಗೆದ್ದರು. ಬಿದ್ದಮೇಲೆ ಏಳುವುದನ್ನು ಅಖಾಡದ ಹೊರಗೂ ಸಾಧಿಸಿ ತೋರಿದವರು ಅವರು.

ಇನ್ನು ಆರೋಗ್ಯದ ಮಾತು. ಜಾರಿ ಬೀಳುವಾಗ ಕೈಯನ್ನು ಮುಂದೆ ಚಾಚುವುದು ಮನುಷ್ಯ ಸಹಜ. ಮಣಿಕಟ್ಟಿನ ಮೂಳೆ ಮುರಿಯುವುದೂ ಅನೇಕ ವೇಳೆ ಹಾಗೆಯೇ. ಬಾಲ್ಯದಲ್ಲಿ ಬೀಳುವ ಕ್ರಮ ಕಲಿತವರಿಗೆ ತಲೆಯನ್ನೂ ಕೈಯನ್ನೂ ಕಾಪಾಡಿಕೊಳ್ಳುವ ರೂಢಿ ಮೈಗೂಡುತ್ತದೆ. ಆದರೆ ತೂಕದ ವಿಭಾಗಗಳಿರುವ ಆಟದಲ್ಲಿ ಒಂದು ಅಪಾಯವೂ ಉಂಟು. ಸ್ಪರ್ಧೆಯ ಮುನ್ನ ತೂಕ ಇಳಿಸಲು ಊಟ ಬಿಡುವುದು, ನೀರು ಕುಡಿಯದಿರುವುದು ಬೆಳೆಯುವ ಹೆಣ್ಣುಮಕ್ಕಳಿಗೆ ಕೇಡು. ದೀರ್ಘಕಾಲ ಆಹಾರ ಸಾಲದಿದ್ದರೆ ಮುಟ್ಟು ತಪ್ಪುತ್ತದೆ, ಮೂಳೆಗಳು ಸೊರಗುತ್ತವೆ. ಮುಟ್ಟು ನಿಂತರೆ ಅದನ್ನು ಕಠಿಣ ಅಭ್ಯಾಸದ ಗುರುತೆಂದು ಬಗೆಯದೆ ವೈದ್ಯರನ್ನು ಕಾಣಬೇಕು. ಬೇಳೆಕಾಳು, ಸೊಪ್ಪು, ಹಾಲು, ರೊಟ್ಟಿ ಇವುಗಳನ್ನು ಹೊಟ್ಟೆತುಂಬ ಉಂಡು, ದೇಹಕ್ಕೆ ಒಪ್ಪುವ ತೂಕದಲ್ಲಿ ಸ್ಪರ್ಧಿಸುವುದೇ ಮೇಲು.

ನಾಸಿಕ, ಛತ್ರಪತಿ ಸಂಭಾಜಿನಗರಗಳಂಥ ಊರುಗಳಲ್ಲಿ ನೆಲೆಸಿರುವ ಕನ್ನಡ ಕುಟುಂಬಗಳಲ್ಲಿ ಹೆಣ್ಣುಮಕ್ಕಳ ಆಟ ಹತ್ತನೆಯ ತರಗತಿ ಸಮೀಪಿಸುತ್ತಲೇ ನಿಂತುಹೋಗುವುದುಂಟು. ಪರೀಕ್ಷೆಯ ಚಿಂತೆ, ಪೆಟ್ಟಾದೀತೆಂಬ ಭಯ, ಬಂಧುಗಳ ಮಾತು, ಎಲ್ಲವೂ ಅದಕ್ಕೆ ಕಾರಣ. ಪ್ರತಿಯೊಬ್ಬಳೂ ಪದಕ ತರಬೇಕೆಂದೇನೂ ಇಲ್ಲ. ಆದರೆ ಅಖಾಡಕ್ಕೆ ಕಳುಹಿಸುವ ಮುನ್ನ ತಾಯಿತಂದೆಯರು ಮೂರು ಸಂಗತಿಗಳನ್ನು ವಿಚಾರಿಸಬೇಕು: ನೆಲಹಾಸು ದಪ್ಪವಾಗಿದೆಯೆ, ಬೀಳುವ ಪಾಠ ಮೊದಲು ನಡೆಯುತ್ತದೆಯೆ, ಗುರುಗಳು ಮಗುವಿನ ತೂಕಕ್ಕಿಂತ ಊಟವನ್ನು ಹೆಚ್ಚು ಕೇಳುತ್ತಾರೆಯೆ? ಮೂರಕ್ಕೂ ಹೌದೆಂಬ ಉತ್ತರ ಬಂದರೆ ಮಗಳನ್ನು ನಿಶ್ಚಿಂತೆಯಿಂದ ಕಳುಹಿಸಬಹುದು. ತುರಮುರಿಯ ಹುಡುಗಿಯೂ ಬಿದ್ದು ಬಿದ್ದೇ ಜಕಾರ್ತಾ ತಲುಪಿದವಳು.