ಬಾಡಿಗೆದಾರನನ್ನೇ ನುಂಗಿದ ಮನೆ

ದೆವ್ವವೇ ಇಲ್ಲದೆ ಬೆವರಿಳಿಸುವ ಸಿನಿಮಾ ‘ದಿ ಟೆನೆಂಟ್’. ಫ್ರೆಂಚ್ ಲೇಖಕ ರೋಲಾಂ ತೊಪೋರ್ 1964ರಲ್ಲಿ ಬರೆದ ಕಾದಂಬರಿಯನ್ನು ರೋಮನ್ ಪೊಲಾನ್‌ಸ್ಕಿ 1976ರಲ್ಲಿ ತೆರೆಗೆ ತಂದ. ‘ರಿಪಲ್ಷನ್’, ‘ರೋಸ್‌ಮೆರೀಸ್ ಬೇಬಿ’ ನಂತರ ನಾಲ್ಕು ಗೋಡೆಗಳ ನಡುವೆ ಅವನು ಕಟ್ಟಿದ ಮೂರನೇ ನರಕವಿದು. ನಾಯಕನೂ ಅವನೇ.

ಟ್ರೆಲ್ಕೊವ್‌ಸ್ಕಿ ಪ್ಯಾರಿಸ್ಸಿನ ಸಂಕೋಚದ ಗುಮಾಸ್ತ. ಪೌರತ್ವ ಫ್ರಾನ್ಸಿನದು, ಹೆಸರು ಪೋಲೆಂಡಿನದು. ಅವನು ಹಿಡಿದ ಮನೆಯಲ್ಲಿ ಮೊದಲಿದ್ದ ಸಿಮೋನ್ ಎಂಬಾಕೆ ಕಿಟಕಿಯಿಂದ ಹಾರಿದ್ದಾಳೆ. ಅವಳು ಆಸ್ಪತ್ರೆಯಲ್ಲಿ ಕೊನೆಯುಸಿರೆಳೆದ ಮೇಲೆಯೇ ಮನೆ ಇವನದಾಗುತ್ತದೆ. ಗೆಳೆಯರು ಬಂದರೆ ನೆರೆಯವರ ದೂರು, ಮೇಜು ಕುರ್ಚಿ ಸರಿಸಿದರೆ ಗೋಡೆಗೆ ಗುದ್ದು, ಮೇಲೆ ಮಾಲೀಕನ ಎಚ್ಚರಿಕೆ. ಎದುರಿನ ಕೆಫೆಯವನು ಇವನು ಕೇಳದಿದ್ದರೂ ಸಿಮೋನ್ ಕುಡಿಯುತ್ತಿದ್ದ ಚಾಕೊಲೇಟನ್ನೇ ತಂದಿಡುತ್ತಾನೆ. ಅವಳು ಸೇದುತ್ತಿದ್ದ ಮಾರ್ಲ್‌ಬರೊವನ್ನೇ ಕೈಗಿಡುತ್ತಾನೆ. ಗೋಡೆಯ ತೂತಿನಲ್ಲೊಂದು ಹಲ್ಲು ಸಿಗುತ್ತದೆ. ಅಂಗಳದಾಚೆಯ ಶೌಚಾಲಯದ ಕಿಟಕಿಯಲ್ಲಿ ಯಾರೋ ಅಲುಗದೆ ನಿಂತಿರುತ್ತಾರೆ. ಕಡೆಗೊಂದು ದಿನ ವಿಗ್ಗು ತೊಟ್ಟು, ಸಿಮೋನಳ ಉಡುಪುಟ್ಟು ನಿಲ್ಲುವವನು ಟ್ರೆಲ್ಕೊವ್‌ಸ್ಕಿಯೇ.

ಇದು ನೆರೆಯವರ ಸಂಚೋ, ಇವನ ಚಿತ್ತಭ್ರಮೆಯೋ? ನೆರೆಯವಳೊಬ್ಬಳು ಕತ್ತು ಹಿಸುಕುತ್ತಿರುವಂತೆ ಕಾಣುವ ದೃಶ್ಯವೊಂದಿದೆ. ಮರುಗಳಿಗೆಯಲ್ಲಿ ನೋಡಿದರೆ ಕತ್ತಿನ ಮೇಲಿರುವುದು ಅವನವೇ ಕೈಗಳು. ಭ್ರಮೆಯೆಂದು ಇಲ್ಲಿಗೇ ಕಡತ ಮುಚ್ಚಬಹುದಿತ್ತು. ಆದರೆ ಮೊದಲಿನ ದೂರುಗಳು, ಬೆದರಿಕೆಗಳು ನಿಜ. ಪ್ರತಿ ಸಲವೂ ಅವನು ಕ್ಷಮೆ ಕೇಳಿದ್ದೂ ನಿಜ. ತಗ್ಗಿ ನಡೆದರೆ ಉಳಿಯಬಹುದೆಂದು ತನ್ನನ್ನು ಚೂರುಚೂರೇ ಬಿಟ್ಟುಕೊಡುತ್ತಾ ಹೋದವನಿಗೆ ಕೊನೆಯಲ್ಲಿ ‘ನಾನು’ ಎನ್ನಲು ಏನೂ ಮಿಗುವುದಿಲ್ಲ. ಹುಚ್ಚು ಬರುವುದು ಆಮೇಲೆ. ಅದಕ್ಕೆ ಜಾಗ ಖಾಲಿ ಮಾಡಿಕೊಟ್ಟದ್ದು ಅವನ ವಿನಯ.

ಈ ದಿಗಿಲು ಇಬ್ಬರೂ ಕರ್ತೃಗಳಿಗೆ ಪುಸ್ತಕದಿಂದ ಬಂದದ್ದಲ್ಲ. ಪೋಲೆಂಡಿನಿಂದ ವಲಸೆ ಬಂದ ಯಹೂದಿ ದಂಪತಿಗೆ 1938ರಲ್ಲಿ ಪ್ಯಾರಿಸ್ಸಿನಲ್ಲಿ ಹುಟ್ಟಿದ ತೊಪೋರ್, ನಾಜಿಗಳ ಕಾಲದಲ್ಲಿ ಸವೋಯ್ ಪ್ರಾಂತ್ಯದಲ್ಲಿ ಅಡಗಿ ಬದುಕುಳಿದ ಹುಡುಗ. ಪೊಲಾನ್‌ಸ್ಕಿ ಕ್ರಾಕೊವ್ ಘೆಟ್ಟೊದಿಂದ ಪಾರಾದವನು. ತಾಯಿ ಔಷ್ವಿಟ್ಸ್‌ನಲ್ಲಿ ಹತಳಾದಳು. ನೆರೆಯವರ ಒಂದು ಪಿಸುಮಾತು ಜೀವ ತೆಗೆಯಬಲ್ಲದೆಂಬುದು ಅವರ ಬಾಲ್ಯದ ಪಾಠ.

ಅರಚಾಟವೇ ಹಾರರ್ ಎಂದುಕೊಂಡವರು ಈ ಚಿತ್ರವನ್ನು ಒಮ್ಮೆ ನೋಡಬೇಕು. ಹೊಸ ಊರಿನ ಬಾಡಿಗೆ ಮನೆಯಲ್ಲಿ ಒಬ್ಬರೇ ಇದ್ದೀರಾದರೆ, ದಯವಿಟ್ಟು ಹಗಲು ಹೊತ್ತಿನಲ್ಲೇ ನೋಡಿ.